ಕಾಲ್ಚೆಂಡಿನಿಂದ ಬೆಳ್ಳಿತೆರೆಗೆ: ತ್ರಿಶೂರಿನ ವಿಜಯನ್

ಮಳೆಗಾಲದ ಅಪರಾಹ್ನಗಳಲ್ಲಿ ಮಂಗಳೂರಿನ ನೆಹರೂ ಮೈದಾನದ ಬದಿಯಿಂದ ಸ್ಟೇಟ್ ಬ್ಯಾಂಕಿನ ಕಡೆಗೆ ನಡೆದುಹೋಗುವವರು, ಕೊಡೆಯನ್ನು ಒಂದಿಷ್ಟು ಮೇಲೆತ್ತಿ, ಕೆಂಪುಮಣ್ಣು ಕಲಸಿದ ಕೆಸರಿನಲ್ಲಿ ಚೆಂಡಿನ ಹಿಂದೆ ಓಡುತ್ತಿರುವ ಹುಡುಗರನ್ನು ಅರೆಗಳಿಗೆ ನಿಂತು ನೋಡದೆ ಮುಂದೆ ಹೋಗುವುದು ಅಪರೂಪ. ಸ್ವಾತಂತ್ರ್ಯೋತ್ಸವದ ಆಸುಪಾಸಿನಲ್ಲಿ ಜಿಲ್ಲಾ ಫುಟ್‌ಬಾಲ್ ಸಂಸ್ಥೆಯವರು ಶಾಲಾ ಕಾಲೇಜುಗಳ ತಂಡಗಳಿಗಾಗಿ ಅಲ್ಲಿ ಪಂದ್ಯಾವಳಿಯನ್ನು ನಡೆಸುವ ದಿನಗಳಲ್ಲಂತೂ, ಬಂದರು, ಕುದ್ರೋಳಿ, ಉಳ್ಳಾಲಗಳ ಕಡೆಯಿಂದ ಬಂದ ಪ್ರೇಕ್ಷಕರು ಮಳೆಯನ್ನು ಲೆಕ್ಕಿಸದೆ ಮೈದಾನದ ಅಂಚಿನಲ್ಲಿ ಕಿಕ್ಕಿರಿದಿರುತ್ತಾರೆ. ನೀರು ನಿಂತ ಗುಂಡಿಯಲ್ಲಿ ಚೆಂಡು ತಟಕ್ಕನೆ ನಿಂತುಬಿಟ್ಟಾಗ, ಅದನ್ನು ಹಿಂಬಾಲಿಸಿ ಬಂದ ಇಬ್ಬರು ಹುಡುಗರು ಒಬ್ಬರ ಮೇಲೊಬ್ಬರು ಜಾರಿಬಿದ್ದು, ಎದ್ದು, ಮುಖದ ಕೆಸರನ್ನು ತೋಳಿನಿಂದ ಒರೆಸಿಕೊಂಡು ಮತ್ತೆ ಓಡತೊಡಗಿದಾಗ ಏಳುವ ನಗೆಯೂ ಕೂಗೂ ಹಂಪನಕಟ್ಟೆಯವರೆಗೆ ಕೇಳಿಸುತ್ತವೆ. ಕ್ರಿಕೆಟ್ಟು ದೇಶವನ್ನೆಲ್ಲ ಆವರಿಸಿಕೊಂಡ ಕಾಲದಲ್ಲಿಯೂ ಕಾಲ್ಚೆಂಡಿನ ಮೇಲಣ ಮಮತೆಯನ್ನು ಬಿಟ್ಟುಕೊಡದ ಕೆಲವೇ ಪಟ್ಟಣಗಳಲ್ಲಿ ನಮ್ಮ ಮಂಗಳೂರೂ ಒಂದು.

ಈ ಮಮತೆಗೆ ಭೂಗೋಳವೂ ಒಂದು ಕಾರಣವಾಗಿರಬೇಕು. ತಲಪಾಡಿಯನ್ನು ದಾಟಿದರೆ ಕೇರಳ. ಆದರೆ 1956ರ ನವೆಂಬರ್ 1ರವರೆಗೆ ಕಾಸರಗೋಡು ದಕ್ಷಿಣ ಕನ್ನಡ ಜಿಲ್ಲೆಯದೇ ಒಂದು ತಾಲ್ಲೂಕಾಗಿದ್ದಿತು. ಕುಂಬಳೆಯ ಸಮೀಪದ ಮೊಗ್ರಾಲಿನಲ್ಲಿ ಮಾಪಿಳ್ಳೆ ಹಾಡಿನಷ್ಟೇ ಫುಟ್‌ಬಾಲೂ ಜನರ ಬಾಯಲ್ಲಿದೆ. ಇನ್ನೂ ದಕ್ಷಿಣಕ್ಕೆ ಹೋದರೆ ತೃಕ್ಕರಿಪುರವು ಭಾರತ ತಂಡಕ್ಕೆ ಮಹಮ್ಮದ್ ರಫಿಯಂಥ ಆಟಗಾರನನ್ನು ಕೊಟ್ಟಿದೆ. ಅದರಾಚೆಗೆ ಮಲಬಾರಿನುದ್ದಕ್ಕೂ, ಗದ್ದೆಯ ಕೊಯ್ಲು ಮುಗಿಯಿತೆಂದರೆ, ಏಳೇ ಏಳು ಜನರ ತಂಡಗಳು ಸೆಣಸುವ ‘ಸೆವೆನ್ಸ್’ ಪಂದ್ಯಗಳ ಸಂಭ್ರಮ. ಸಂಜೆ ಮಂಗಳೂರಿನಲ್ಲಿ ರೈಲನ್ನೇರಿದವನು ಈ ಊರುಗಳನ್ನೆಲ್ಲ ಒಂದೊಂದಾಗಿ ಹಿಂದಕ್ಕೆ ಬಿಟ್ಟು, ನಡುರಾತ್ರಿಯ ಹೊತ್ತಿಗೆ ತ್ರಿಶೂರನ್ನು ಮುಟ್ಟುತ್ತಾನೆ. ಆ ತ್ರಿಶೂರಿನವರೇ ಐ. ಎಂ. ವಿಜಯನ್. ಕಾಲ್ಚೆಂಡಿನ ಆಟಗಾರನಾಗಿ ದೇಶದ ಅಗ್ರಸ್ಥಾನಕ್ಕೇರಿ, ಇನ್ನೂ ಆಡುತ್ತಿರುವಾಗಲೇ ಚಲಚ್ಚಿತ್ರದ ನಟನೂ ಆಗಿ, ಎರಡು ರಂಗಗಳಲ್ಲಿಯೂ ತನ್ನ ಮುದ್ರೆಯನ್ನೊತ್ತಿದ ಇಂಥ ಇನ್ನೊಬ್ಬ ವ್ಯಕ್ತಿ ದಕ್ಷಿಣ ಭಾರತದಲ್ಲಿ ಇಲ್ಲವೆಂದೇ ಹೇಳಬೇಕು.

ಇನಿವಳಪ್ಪಿಲ್ ಮಣಿ ವಿಜಯನ್ ಅವರು ಜನಿಸಿದ್ದು 1969ರ ಏಪ್ರಿಲ್ 25ರಂದು. ಮನೆಯಲ್ಲಿ ಬಡತನವಿದ್ದಿತು ಎಂದರೆ ಸಾಲದು. ದಿನದ ಗಂಜಿಗೆ ದಿನವೇ ದುಡಿಯಬೇಕಾದ ಕುಟುಂಬ ಅದು. ತಂದೆಯನ್ನು ಚಿಕ್ಕಂದಿನಲ್ಲೇ ಕಳೆದುಕೊಂಡ ಹುಡುಗನನ್ನು ಸಾಕಿದವರು ತಾಯಿ ಕೊಚ್ಚಮ್ಮು. ತ್ರಿಶೂರಿನ ಮುನಿಸಿಪಲ್ ಸ್ಟೇಡಿಯಮ್ಮಿನಲ್ಲಿ ಪಂದ್ಯಗಳು ನಡೆಯುವಾಗ ಈ ಹುಡುಗ ಪ್ರೇಕ್ಷಕರ ನಡುವೆ ಸೋಡಾ ಮಾರುತ್ತಿದ್ದ. ಒಂದು ಬಾಟ್ಲಿಗೆ ಅವನಿಗೆ ದೊರೆಯುತ್ತಿದ್ದುದು 10 ಪೈಸೆ. ಮುಂದೆ ಯಾವ ಅಂಗಣದಲ್ಲಿ ಸಹಸ್ರಾರು ಜನ ತನ್ನ ಹೆಸರು ಹಿಡಿದು ಕೂಗಲಿದ್ದರೋ ಅದೇ ಅಂಗಣದಲ್ಲಿ, ಬಾಟ್ಲಿಗಳನ್ನು ಹೊತ್ತು ಸಾಲಿನಿಂದ ಸಾಲಿಗೆ ಅಲೆಯುತ್ತ, ವ್ಯಾಪಾರದ ಮೇಲೆ ಅರ್ಧ ಗಮನವನ್ನೂ ಆಟದ ಮೇಲೆ ಪೂರ್ಣ ಗಮನವನ್ನೂ ಇರಿಸಿದ ಬಾಲಕನ ಈ ಕಥೆಯನ್ನು ಕೇರಳದವರು ಎಷ್ಟು ಬಾರಿ ಹೇಳಿದರೂ ದಣಿಯರು. ಕಥೆ ಕೇಳಲು ಹಿತವಾಗಿದೆ, ನಿಜ; ಆದರೆ ಬಡತನವೇ ಪ್ರತಿಭೆಯನ್ನು ಬೆಳೆಸುತ್ತದೆಂಬ ತೀರ್ಮಾನಕ್ಕೆ ಬರುವ ಮೊದಲು, ಅದೇ ಸ್ಟೇಡಿಯಮ್ಮಿನಲ್ಲಿ ಸೋಡಾ ಮಾರುತ್ತಲೇ ಉಳಿದುಹೋದ ಹುಡುಗರೂ ಇದ್ದಿರಬೇಕೆಂಬುದನ್ನು ನೆನೆಯುವುದು ನ್ಯಾಯ.

ವಿಜಯನ್ ಉಳಿದುಹೋಗದಿರಲು ಕಾರಣವಾದದ್ದು ಪೋಲೀಸು ಇಲಾಖೆ. ಆಗ ರಾಜ್ಯದ ಪೋಲೀಸು ಮಹಾನಿರ್ದೇಶಕರಾಗಿದ್ದ ಎಂ. ಕೆ. ಜೋಸೆಫ್ ಅವರು ಹದಿನೇಳರ ಈ ತರುಣನ ಆಟವನ್ನು ಮೆಚ್ಚಿ ಕೇರಳ ಪೋಲೀಸ್ ತಂಡಕ್ಕೆ ಸೇರಿಸಿಕೊಂಡರು. ವಿ. ಪಿ. ಸತ್ಯನ್, ಸಿ. ವಿ. ಪಾಪ್ಪಚ್ಚನ್, ಯು. ಷರಫಲಿ, ಕುರಿಕೇಶ್ ಮ್ಯಾಥ್ಯೂ, ಗೋಲ್‌ಕೀಪರ್ ಕೆ. ಟಿ. ಚಾಕೊ ಮೊದಲಾದವರು ಒಟ್ಟುಗೂಡಿದ್ದ ಆ ತಂಡವು, ಕಲ್ಕತ್ತೆಯ ಮತ್ತು ಗೋವೆಯ ಹೆಸರಾಂತ ಕ್ಲಬ್ಬುಗಳೇ ರಾಷ್ಟ್ರದ ಪ್ರಶಸ್ತಿಗಳನ್ನು ಹಂಚಿಕೊಳ್ಳುತ್ತಿದ್ದ ಕಾಲದಲ್ಲಿ, 1990ರಲ್ಲಿ ತ್ರಿಶೂರಿನಲ್ಲಿಯೂ 1991ರಲ್ಲಿ ಕಣ್ಣೂರಿನಲ್ಲಿಯೂ ಫೆಡರೇಷನ್ ಕಪ್ಪನ್ನು ಗೆದ್ದುಕೊಂಡಿತು. ಸೋಡಾ ಮಾರಿದ ಊರಿನಲ್ಲಿಯೇ ಕಪ್ಪನ್ನೆತ್ತಿ ಹಿಡಿಯುವ ಯೋಗ ವಿಜಯನ್ ಅವರದಾಯಿತು.

ಅಲ್ಲಿಂದ ಮುಂದಿನ ಹಾದಿ ದೇಶಸಂಚಾರದ್ದು. ಮೋಹನ್ ಬಾಗಾನ್, ಪಂಜಾಬದ ಫಗ್ವಾರದ ಜೆಸಿಟಿ, ಎಫ್‌ಸಿ ಕೊಚ್ಚಿನ್, ಈಸ್ಟ್ ಬೆಂಗಾಲ್, ಗೋವೆಯ ಚರ್ಚಿಲ್ ಬ್ರದರ್ಸ್, ಹೀಗೆ ತಂಡದಿಂದ ತಂಡಕ್ಕೆ ಸಾಗಿದ ಈ ಪಯಣದ ವಿವರಗಳಿಗೆ ಇಲ್ಲಿ ಎಡೆಯಿಲ್ಲ. ಆದರೆ ಜೆಸಿಟಿಯ ದಿನಗಳನ್ನು ಕನ್ನಡಿಗರು ಮರೆಯಬಾರದು. 1996-97ರಲ್ಲಿ ಮೊತ್ತಮೊದಲ ರಾಷ್ಟ್ರೀಯ ಫುಟ್‌ಬಾಲ್ ಲೀಗು ನಡೆದಾಗ ಅದನ್ನು ಗೆದ್ದ ಆ ಬಟ್ಟೆಗಿರಣಿಯ ತಂಡದಲ್ಲಿ ಮೂವರಿದ್ದರು: ದಕ್ಷಿಣದ ತುದಿಯಿಂದ ಬಂದ ವಿಜಯನ್, ಸಿಕ್ಕಿಮಿನ ಬೆಟ್ಟಗಳಿಂದಿಳಿದ ತರುಣ ಬೈಚುಂಗ್ ಭುಟಿಯಾ, ಮತ್ತು ನಮ್ಮ ಬೆಂಗಳೂರಿನ ಕಾರ್ಲ್‌ಟನ್ ಚಾಪ್‌ಮನ್. ಮಧ್ಯಾಂಗಣದಲ್ಲಿ ಚಾಪ್‌ಮನ್ ಚೆಂಡನ್ನು ಹಿಡಿದು ತಲೆಯೆತ್ತಿದನೆಂದರೆ ಮುಂದಿನ ಇಬ್ಬರು ಎತ್ತ ಓಡಬೇಕೆಂಬುದನ್ನು ಆಗಲೇ ಅರಿತಿರುತ್ತಿದ್ದರು. 1993ರಲ್ಲಿ ಈಸ್ಟ್ ಬೆಂಗಾಲಿಗಾಗಿ ಇರಾಕಿನ ಅಲ್ ಜವ್ರಾ ತಂಡದ ಮೇಲೆ ಹ್ಯಾಟ್ರಿಕ್ ಗೋಲುಗಳನ್ನು ಹೊಡೆದು ಹೆಸರಾಗಿದ್ದ ಚಾಪ್‌ಮನ್, ಮುಂದೆ ವಿಜಯನ್ ಅವರೊಡನೆಯೇ ಎಫ್‌ಸಿ ಕೊಚ್ಚಿನ್ನಿಗೆ ಬಂದರು. 1997ರಲ್ಲಿ ಹುಟ್ಟಿದ ಆ ಕ್ಲಬ್ಬು ಅದೇ ವರ್ಷ ಮೋಹನ್ ಬಾಗಾನನ್ನು ಸೋಲಿಸಿ ಡ್ಯುರಾಂಡ್ ಕಪ್ಪನ್ನು ಗೆದ್ದು, ಕೆಲವೇ ವರ್ಷಗಳಲ್ಲಿ ಹಣದ ಮುಗ್ಗಟ್ಟಿಗೆ ಸಿಕ್ಕಿ ಕಣ್ಮರೆಯಾಯಿತು. ಚಾಪ್‌ಮನ್ 2020ರ ಅಕ್ಟೋಬರಿನಲ್ಲಿ, ಇನ್ನೂ ಐವತ್ತನ್ನು ಮುಟ್ಟುವ ಮೊದಲೇ, ಬೆಂಗಳೂರಿನಲ್ಲಿ ತೀರಿಕೊಂಡರು.

ವಿಜಯನ್ ಅವರ ಆಟದ ವೈಶಿಷ್ಟ್ಯವೇನೆಂದು ಕೇಳಿದರೆ, ನೋಡಿದವರು ಮೊದಲು ಹೇಳುವುದು ಅವರ ಮೈಯ ಸಡಿಲಿಕೆಯನ್ನು. ಎತ್ತರದಿಂದ ಬಂದ ಚೆಂಡನ್ನು ಎದೆಯ ಮೇಲೆ ಇಳಿಸಿಕೊಂಡು, ಅದು ನೆಲವನ್ನು ಮುಟ್ಟುವ ಮೊದಲೇ ಎದುರಾಳಿಗೆ ಬೆನ್ನು ಹಾಕಿ ಅರೆಸುತ್ತು ತಿರುಗಿ, ಎಡಗಾಲೋ ಬಲಗಾಲೋ ಎಂಬ ಭೇದವಿಲ್ಲದೆ ಹೊಡೆಯುತ್ತಿದ್ದ ಆ ಹೊಡೆತದಲ್ಲಿ ಆತುರವಿರುತ್ತಿರಲಿಲ್ಲ. ಬೆನ್ನ ಮೇಲೆ ಬೀಳುತ್ತ ತಲೆಯಾಚೆಗೆ ಚೆಂಡನ್ನು ಒದೆಯುವ ಬೈಸಿಕಲ್ ಕಿಕ್ಕಿಗೂ ಅವರು ಪ್ರಸಿದ್ಧರು. 1993, 1997 ಮತ್ತು 1999ರಲ್ಲಿ, ಹೀಗೆ ಮೂರು ಬಾರಿ, ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ನಿನ ವರ್ಷದ ಆಟಗಾರ ಪ್ರಶಸ್ತಿ ಅವರಿಗೆ ಸಂದಿತು. 1999ರ ದಕ್ಷಿಣ ಏಷ್ಯಾ ಕ್ರೀಡಾಕೂಟದಲ್ಲಿ ಭೂತಾನದ ವಿರುದ್ಧ ಪಂದ್ಯ ಆರಂಭವಾದ 12ನೆಯ ಸೆಕೆಂಡಿನಲ್ಲೇ ಗೋಲು ಹೊಡೆದರೆಂಬುದು, ಸಿಳ್ಳೆಯ ಸದ್ದು ಕಿವಿಯಿಂದ ಮರೆಯಾಗುವ ಮುನ್ನವೇ ನಡೆದುಹೋದ ಸಂಗತಿ. 2003ರಲ್ಲಿ ಹೈದರಾಬಾದಿನಲ್ಲಿ ನಡೆದ ಆಫ್ರೋ-ಏಷ್ಯನ್ ಕ್ರೀಡಾಕೂಟದಲ್ಲಿ ಭಾರತ ಬೆಳ್ಳಿಯ ಪದಕವನ್ನು ಪಡೆದಾಗ ನಾಲ್ಕು ಗೋಲುಗಳೊಡನೆ ಎಲ್ಲರಿಗಿಂತ ಮುಂದಿದ್ದವರು, ಮೂವತ್ತನಾಲ್ಕರ ಹರೆಯದ ಈ ವಿಜಯನ್. ಅರ್ಜುನ ಪ್ರಶಸ್ತಿಯೂ ಅದೇ ವರ್ಷದ್ದು. ಅದರೊಡನೆ ಅವರ ಅಂತರರಾಷ್ಟ್ರೀಯ ಆಟ ಮುಗಿಯಿತು.

ಇನ್ನು ಚಲಚ್ಚಿತ್ರದ ಮಾತು. ಕ್ರೀಡಾಪಟುಗಳನ್ನು ತೆರೆಯ ಮೇಲೆ ತರುವ ಹಂಬಲ ಸಿನಿಮಾದವರಿಗೆ ಹೊಸದಲ್ಲ. 1962ರ ಜಕಾರ್ತಾ ಏಷ್ಯನ್ ಕ್ರೀಡಾಕೂಟದಲ್ಲಿ ಭಾರತಕ್ಕೆ ಚಿನ್ನವನ್ನು ತಂದ ತಂಡದ ನಾಯಕ ಚುನಿ ಗೋಸ್ವಾಮಿಯವರು 1965ರ ‘ಪ್ರಥಮ್ ಪ್ರೇಮ್’ ಎಂಬ ಬಂಗಾಳಿ ಚಿತ್ರದಲ್ಲಿ ಕಾಣಿಸಿಕೊಂಡರು. ಜಾನ್ ಹ್ಯೂಸ್ಟನ್ ಅವರು 1981ರಲ್ಲಿ ನಿರ್ದೇಶಿಸಿದ ‘ಎಸ್ಕೇಪ್ ಟು ವಿಕ್ಟರಿ’ಯಲ್ಲಿ ಯುದ್ಧಕೈದಿಗಳ ತಂಡಕ್ಕಾಗಿ ಆಡಿದವರು ಸಾಕ್ಷಾತ್ ಪೆಲೆ; ಇಂಗ್ಲೆಂಡಿನ ಬಾಬಿ ಮೂರ್, ಅರ್ಜೆಂಟೀನದ ಆರ್ಡಿಲೆಸ್ ಜೊತೆಗಿದ್ದರು. ಫ್ರಾನ್ಸಿನ ಎರಿಕ್ ಕ್ಯಾಂಟನಾ 1997ರಲ್ಲಿ ಆಟವನ್ನು ತೊರೆದ ಮರುವರ್ಷವೇ ‘ಎಲಿಜಬೆತ್’ ಚಿತ್ರದಲ್ಲಿ ಫ್ರೆಂಚ್ ರಾಯಭಾರಿಯ ವೇಷ ತೊಟ್ಟರು; 2009ರಲ್ಲಿ ಕೆನ್ ಲೋಚ್ ಅವರ ಚಿತ್ರದಲ್ಲಿ ತಾವೇ ತಾವಾಗಿ ಬಂದು, ಬಾಳಿನಲ್ಲಿ ಸೋತ ಒಬ್ಬ ಅಂಚೆಯವನಿಗೆ ಬುದ್ಧಿ ಹೇಳಿದರು. ಕನ್ನಡನಾಡಿನ ಉದಾಹರಣೆಯೇ ಬೇಕೆಂದರೆ ಕೊಡಗಿನ ಓಟಗಾರ್ತಿ ಅಶ್ವಿನಿ ನಾಚಪ್ಪ ಅವರಿದ್ದಾರೆ. 1991ರಲ್ಲಿ ಅವರದೇ ಹೆಸರಿನ ಚಿತ್ರದಲ್ಲಿ ಅವರೇ ನಾಯಕಿ. ಆ ಚಿತ್ರವನ್ನು ತೆಗೆದದ್ದು ಮಾತ್ರ ತೆಲುಗಿನವರು.

ಈ ಪಟ್ಟಿಯಲ್ಲಿ ಹೆಚ್ಚಿನವರಿಗೆ ದೊರೆತದ್ದು ತಮ್ಮ ಹೆಸರಿನ ನೆರಳಿನಲ್ಲಿ ನಿಲ್ಲುವ ಪಾತ್ರ. ಪ್ರೇಕ್ಷಕನು ನೋಡುವುದು ಪಾತ್ರವನ್ನಲ್ಲ, ಪ್ರಸಿದ್ಧನನ್ನು. ವಿಜಯನ್ ಅವರ ಮೊದಲ ಮುಖ್ಯ ಚಿತ್ರವು ಇದಕ್ಕೆ ತದ್ವಿರುದ್ಧವಾಗಿದ್ದಿತು, ಮತ್ತು ಅವರ ಚಿತ್ರಜೀವನದ ಬೆಲೆಯನ್ನು ಕಟ್ಟಬೇಕಾದದ್ದೂ ಆ ಒಂದು ಚಿತ್ರದಿಂದಲೇ ಎಂಬುದು ನನ್ನ ಅಭಿಪ್ರಾಯ. ಅದು ಜಯರಾಜ್ ನಿರ್ದೇಶನದ ‘ಶಾಂತಂ’. ಒಂಬತ್ತು ರಸಗಳ ಮೇಲೆ ಒಂದೊಂದು ಚಿತ್ರವನ್ನು ಮಾಡುವ ಸಂಕಲ್ಪವನ್ನು ತೊಟ್ಟ ಜಯರಾಜ್, ‘ಕರುಣಂ’ ಆದ ತರುವಾಯ ಕೈಗೆತ್ತಿಕೊಂಡದ್ದು ಶಾಂತರಸವನ್ನು. ಆದರೆ ಅದಕ್ಕಾಗಿ ಆರಿಸಿಕೊಂಡ ವಸ್ತು ಆಶ್ರಮವಲ್ಲ, ತಪಸ್ಸಲ್ಲ, ರಾಜಕೀಯ ದ್ವೇಷದ ಕೊಲೆ. ಬಾಲ್ಯದಿಂದ ಜೊತೆಯಾಗಿ ಬೆಳೆದ ಗೆಳೆಯರು ಬೇರೆಬೇರೆ ಪಕ್ಷಗಳ ಪಾಲಾಗಿ, ಒಬ್ಬನು ಇನ್ನೊಬ್ಬನನ್ನು ಕೊಂದ ಮೇಲೆ, ಕೊಂದವನ ಎದೆಯಲ್ಲಿಯೂ ಎರಡೂ ಮನೆಗಳ ತಾಯಂದಿರ ಒಡಲಲ್ಲಿಯೂ ಉರಿಯುವ ಬೆಂಕಿ ಹೇಗೆ ಆರೀತು ಎಂಬುದೇ ಚಿತ್ರದ ಪ್ರಶ್ನೆ. ಸೀಮಾ ಬಿಸ್ವಾಸ್ ಮತ್ತು ಕೆಪಿಎಸಿ ಲಲಿತಾರಂಥ ನುರಿತ ನಟಿಯರ ಎದುರಿಗೆ, ಕೊಂದವನ ಪಾತ್ರದಲ್ಲಿ, ಎಂದೂ ಅಭಿನಯವನ್ನು ಕಲಿಯದ ಈ ಆಟಗಾರನನ್ನು ಜಯರಾಜ್ ನಿಲ್ಲಿಸಿದರು.

ಮೈದಾನದಲ್ಲಿ ಮಿಂಚಿನಂತೆ ಓಡುವ ಮನುಷ್ಯನನ್ನು ತೆರೆಗೆ ತಂದು ನಿಶ್ಚಲನಾಗಿ ಕೂರಿಸಿದುದರಲ್ಲಿ ಆ ನಿರ್ದೇಶಕನ ಜಾಣ್ಮೆ ಇದೆ. ವಿಜಯನ್ ಅವರ ಮುಖದಲ್ಲಿ ತರಬೇತಾದ ನಟನ ಸೂಕ್ಷ್ಮ ಛಾಯೆಗಳು ಕಾಣಸಿಗವು. ಮಾತಿನಲ್ಲಿ ಏರಿಳಿತ ಕಡಿಮೆ. ಆದರೆ ಹೆಗಲು ಬಾಗುವ ರೀತಿ, ಹೆಜ್ಜೆಯ ಸದ್ದು ಕೇಳಿ ಕತ್ತು ಹೊರಳುವ ರೀತಿ, ಓಡಬೇಕೋ ಕೂಡದೋ ಎಂಬ ಅನಿಶ್ಚಯದಲ್ಲಿ ಮೊಣಕಾಲು ಬಿಗಿಯುವ ರೀತಿ, ಇವು ಮಾತಿಗಿಂತ ಮೊದಲು ಪ್ರೇಕ್ಷಕನಿಗೆ ತಲಪುತ್ತವೆ. ಎದುರಾಳಿ ಎತ್ತ ಬಾಗುತ್ತಾನೆಂಬುದನ್ನು ಅವನ ಸೊಂಟವನ್ನು ನೋಡಿಯೇ ಊಹಿಸಿ ಇಪ್ಪತ್ತು ವರ್ಷ ಬಾಳಿದವನ ದೇಹಕ್ಕೆ, ಬೇಟೆಗೊಳಗಾದವನ ಎಚ್ಚರವನ್ನು ಕಲಿಸಿಕೊಡಬೇಕಾಗಿರಲಿಲ್ಲ. 2000ದ ಸಾಲಿನ ರಾಷ್ಟ್ರೀಯ ಪ್ರಶಸ್ತಿಗಳಲ್ಲಿ ‘ಶಾಂತಂ’ ಅತ್ಯುತ್ತಮ ಕಥಾಚಿತ್ರವೆಂದು ಸ್ವರ್ಣಕಮಲವನ್ನು ಪಡೆಯಿತು. ಲಲಿತಾ ಅವರಿಗೆ ಅತ್ಯುತ್ತಮ ಪೋಷಕ ನಟಿಯ ಪ್ರಶಸ್ತಿ ಬಂದಿತು. ರಾಜಕೀಯದ ಹೆಸರಿನಲ್ಲಿ, ಮತದ ಹೆಸರಿನಲ್ಲಿ ತರುಣರು ಕೊಲೆಯಾದ ಸುದ್ದಿಯನ್ನು ತಲಪಾಡಿಯ ಈಚೆಗೂ ಆಚೆಗೂ ಓದಬೇಕಾಗಿ ಬಂದಿರುವ ನಮಗೆ ಈ ಚಿತ್ರ ದೂರದ್ದೆನಿಸದು.

ಆ ಬಳಿಕ ನಡೆದದ್ದು ಅಷ್ಟು ಉತ್ಸಾಹದಿಂದ ಹೇಳತಕ್ಕದ್ದಲ್ಲ. ಮಲಯಾಳದಲ್ಲಿ ಹಲವು ಚಿತ್ರಗಳು ಬಂದವು. ಕಲಾಭವನ್ ಮಣಿಯವರೊಡನೆ ‘ಆಕಾಶತ್ತಿಲೆ ಪರವಕಳ್’ ಬಂದಿತು. 2006ರಲ್ಲಿ ವಿಶಾಲ್ ನಾಯಕನಾಗಿದ್ದ ‘ತಿಮಿರು’ ಅವರನ್ನು ತಮಿಳಿಗೆ ಕರೆದೊಯ್ದಿತು; 2015ರಲ್ಲಿ ಕಾರ್ತಿಯ ‘ಕೊಂಬನ್’. ಇಲ್ಲೆಲ್ಲ ಅವರಿಗೆ ಸಿಕ್ಕಿದ್ದು ಬಹುಮಟ್ಟಿಗೆ ಖಳನ ಪಾತ್ರ, ಇಲ್ಲವೇ ಖಳನ ಬಂಟನದು: ಲುಂಗಿ ಎತ್ತಿಕಟ್ಟಿ, ಕಣ್ಣು ಕೆರಳಿಸಿ, ನಾಯಕನ ಕೈಯಲ್ಲಿ ಒದೆ ತಿನ್ನುವ ಪಾತ್ರ. ಕಪ್ಪು ಮೈಬಣ್ಣದ, ಗಟ್ಟಿಮೈಯ ಮನುಷ್ಯನನ್ನು ಕಂಡೊಡನೆ ರೌಡಿಯ ವೇಷವನ್ನಲ್ಲದೆ ಬೇರೇನನ್ನೂ ಊಹಿಸಲಾರದ ನಮ್ಮ ವಾಣಿಜ್ಯ ಚಿತ್ರರಂಗದ ಕಲ್ಪನಾದಾರಿದ್ರ್ಯಕ್ಕೆ ಇದಕ್ಕಿಂತ ಬೇರೆ ನಿದರ್ಶನ ಬೇಕಾಗಿಲ್ಲ. ಕನ್ನಡ ಚಿತ್ರರಂಗವನ್ನೂ ಈ ಮಾತಿನಿಂದ ಹೊರಗಿಡಲಾಗದು. ಈ ವಿಪರ್ಯಾಸದ ಶಿಖರ 2019ರ ‘ಬಿಗಿಲ್’. ಅಟ್ಲಿ ನಿರ್ದೇಶಿಸಿ, ವಿಜಯ್ ನಾಯಕನಾಗಿ, ಎ. ಆರ್. ರೆಹಮಾನ್ ಸಂಗೀತ ನೀಡಿದ ಆ ಭಾರೀ ಚಿತ್ರದ ವಸ್ತು ಫುಟ್‌ಬಾಲ್, ಅದರಲ್ಲಿಯೂ ಹೆಣ್ಣುಮಕ್ಕಳ ಫುಟ್‌ಬಾಲ್. ಚೆಂಡನ್ನು ಕಾಲಿಗಂಟಿಸಿಕೊಂಡು ದೇಶವನ್ನು ಆಳಿದ ಒಬ್ಬನೇ ಒಬ್ಬ ಮನುಷ್ಯ ಆ ಚಿತ್ರತಂಡದಲ್ಲಿದ್ದರೂ, ಅವರ ಪಾಲಿಗೆ ಬಂದದ್ದು ಚೆಂಡಲ್ಲ, ಅಲೆಕ್ಸ್ ಎಂಬ ಖಳನ ವೇಷ!

ಹೀಗಿದ್ದರೂ ಒಂದು ಅಪವಾದವನ್ನು ಹೇಳದೆ ಬಿಡಲಾಗದು. ವಿಜೀಶ್ ಮಣಿಯವರು ಕುರುಂಬ ಭಾಷೆಯಲ್ಲಿ ತೆಗೆದ, ತುಟಿ ಮುಚ್ಚಿ ನರಳುವ ‘ಮ್’ ಎಂಬ ಧ್ವನಿಯನ್ನೇ ಹೆಸರಾಗಿ ಇಟ್ಟುಕೊಂಡ ಚಿತ್ರದಲ್ಲಿ ವಿಜಯನ್ ಅವರು ಕಾಡಿನಲ್ಲಿ ಜೇನು ಕೀಳುವ ಬುಡಕಟ್ಟಿನ ಕುಟುಂಬದ ಯಜಮಾನನಾಗಿ ಮುಖ್ಯ ಪಾತ್ರವನ್ನು ವಹಿಸಿದ್ದಾರೆ. ಜೇನು ಕಡಮೆಯಾದ ಕಾಡಿನಲ್ಲಿ ಬದುಕು ಹೇಗೆಂಬುದು ಅಲ್ಲಿಯ ಪ್ರಶ್ನೆ. ‘ಶಾಂತಂ’ ಆಗಿ ಇಪ್ಪತ್ತು ವರ್ಷ ಕಳೆದ ಮೇಲೆ ಮತ್ತೊಬ್ಬ ನಿರ್ದೇಶಕನಿಗೆ ಆ ದೇಹದ ಮೌನ ಕಂಡಿತು. ಇದಲ್ಲದೆ, ‘ಕಾಲೋ ಹರಿಣ್’ ಎಂಬ ಸಾಕ್ಷ್ಯಚಿತ್ರವು ಅವರ ಜೀವನವನ್ನೇ ವಸ್ತುವಾಗಿ ಮಾಡಿಕೊಂಡಿದೆ. ಕಪ್ಪು ಜಿಂಕೆಯೆಂಬ ಆ ಹೆಸರು ಬಂಗಾಳದ ಅಭಿಮಾನಿಗಳು ಪ್ರೀತಿಯಿಂದಿಟ್ಟದ್ದು.

ಎರಡು ರಂಗಗಳಲ್ಲಿ ಓಡಾಡಿದರೂ ಅವರ ಅನ್ನದ ಆಧಾರ ಕಡೆಯವರೆಗೂ ಪೋಲೀಸು ಇಲಾಖೆಯೇ ಆಗಿದ್ದಿತು. ಕ್ಲಬ್ಬುಗಳಿಗಾಗಿ ಹೋಗಿಬಂದು, ಮತ್ತೆ ಸಮವಸ್ತ್ರವನ್ನು ತೊಟ್ಟು, 2025ರ ಏಪ್ರಿಲ್ ತಿಂಗಳಿನಲ್ಲಿ ಮಲಪ್ಪುರದ ಮಲಬಾರ್ ಸ್ಪೆಷಲ್ ಪೋಲೀಸ್ ಪಡೆಯಿಂದ ಅವರು ನಿವೃತ್ತರಾದರು. ಪದ್ಮಶ್ರೀ ಪ್ರಶಸ್ತಿ ಘೋಷಣೆಯಾದದ್ದೂ ಅದೇ ವರ್ಷ. ತ್ರಿಶೂರು ನಗರದ ಕಸವನ್ನೆಲ್ಲ ವರ್ಷಗಟ್ಟಲೆ ಸುರಿಯುತ್ತಿದ್ದ ಲಾಲೂರಿನ ನೆಲದಲ್ಲಿ ಈಗ ಎದ್ದಿರುವ ಕ್ರೀಡಾಸಂಕೀರ್ಣಕ್ಕೆ ಇಟ್ಟಿರುವ ಹೆಸರು ಐ. ಎಂ. ವಿಜಯನ್.

ಕೇರಳದವರು ತಮ್ಮ ಆಟಗಾರರನ್ನು ತೆರೆಗೆ ತರುವುದರಲ್ಲಿ ಹಿಂದೆ ಬಿದ್ದಿಲ್ಲ. ವಿಜಯನ್ ಅವರ ಪೋಲೀಸ್ ತಂಡದ ಸಂಗಾತಿ, ಭಾರತದ ನಾಯಕನಾಗಿದ್ದು 2006ರಲ್ಲಿ ಚೆನ್ನೈನಲ್ಲಿ ರೈಲಿನಡಿ ದುರಂತ ಅಂತ್ಯವನ್ನು ಕಂಡ ವಿ. ಪಿ. ಸತ್ಯನ್ ಅವರ ಬಾಳನ್ನು ಕುರಿತು 2018ರಲ್ಲಿ ‘ಕ್ಯಾಪ್ಟನ್’ ಬಂದಿತು. ಅದೇ ವರ್ಷ ಮಲಪ್ಪುರದ ಸೆವೆನ್ಸ್ ತಂಡವೊಂದರ ಕಥೆಯನ್ನು ಹೇಳುವ ‘ಸುಡಾನಿ ಫ್ರಂ ನೈಜೀರಿಯ’ವೂ ಬಂದಿತು. ಆ ಸಾಲಿನ ಕೇರಳ ರಾಜ್ಯ ಅತ್ಯುತ್ತಮ ನಟ ಪ್ರಶಸ್ತಿಯನ್ನು ಈ ಎರಡು ಚಿತ್ರಗಳ ನಾಯಕರಾದ ಜಯಸೂರ್ಯ ಮತ್ತು ಸೌಬಿನ್ ಶಾಹಿರ್ ಹಂಚಿಕೊಂಡರು. ಹಿಂದಿಯಲ್ಲಿ 2024ರಲ್ಲಿ ‘ಮೈದಾನ್’ ತೆರೆಕಂಡು, 1962ರ ಚಿನ್ನದ ತಂಡದ ಗುರು ಸೈಯದ್ ಅಬ್ದುಲ್ ರಹೀಮರನ್ನು ಹೊಸ ತಲೆಮಾರಿಗೆ ಪರಿಚಯಿಸಿತು.

ಕನ್ನಡದಲ್ಲಿ ವಸ್ತುವಿಲ್ಲವೆಂದು ಯಾರೂ ಹೇಳುವಂತಿಲ್ಲ. 1948ರ ಲಂಡನ್ ಒಲಿಂಪಿಕ್ಸಿನಲ್ಲಿ, ಹೆಚ್ಚಿನವರು ಬರಿಗಾಲಿನಲ್ಲೇ ಆಡಿದ ಭಾರತ ತಂಡಕ್ಕಾಗಿ ಫ್ರಾನ್ಸಿನ ವಿರುದ್ಧ ದೇಶದ ಮೊದಲ ಒಲಿಂಪಿಕ್ ಗೋಲನ್ನು ಹೊಡೆದ ಸಾರಂಗಪಾಣಿ ರಾಮನ್ ಬೆಂಗಳೂರಿನವರು. ಅದೇ ತಂಡದ ಅಹಮದ್ ಖಾನ್ ಕೂಡ ಬೆಂಗಳೂರಿನವರೇ. ಮೈಸೂರು ರಾಜ್ಯದ ತಂಡ ನಾಲ್ಕು ಬಾರಿ ಗೆದ್ದಿದ್ದ ಸಂತೋಷ್ ಟ್ರೋಫಿಯನ್ನು 54 ವರ್ಷಗಳ ಬಳಿಕ, 2023ರ ಮಾರ್ಚಿನಲ್ಲಿ, ರಿಯಾದಿನಲ್ಲಿ ಮೇಘಾಲಯವನ್ನು 3-2ರಿಂದ ಸೋಲಿಸಿ ಕರ್ನಾಟಕ ಮರಳಿ ಪಡೆಯಿತು. ಇವರೆಲ್ಲರ ನಡುವೆ ಕಾರ್ಲ್‌ಟನ್ ಚಾಪ್‌ಮನ್ ಅವರ ಕಥೆಯೊಂದೇ ಒಂದು ಚಿತ್ರಕ್ಕೆ ಸಾಕಾಗುವಷ್ಟಿದೆ; ಆದರೂ ಅದನ್ನು ಕನ್ನಡದಲ್ಲಿ ಯಾರೂ ಮುಟ್ಟಿದಂತೆ ಕಾಣೆ. ನಮ್ಮ ನಿರ್ದೇಶಕರಲ್ಲಿ ಯಾರಾದರೂ ಇದನ್ನು ಕೈಗೆತ್ತಿಕೊಳ್ಳುವುದಾದರೆ, ಫಗ್ವಾರದ ದಿನಗಳ ದೃಶ್ಯಗಳನ್ನು ಬರೆಯುವ ಮೊದಲು ತ್ರಿಶೂರಿಗೆ ಹೋಗಿ ವಿಜಯನ್ ಅವರನ್ನು ಕಂಡು ಬರಲಿ. ಸಾಧ್ಯವಾದರೆ ಅವರಿಗೂ ಆ ಚಿತ್ರದಲ್ಲಿ ಒಂದು ಪಾತ್ರವನ್ನು ಕೊಡಲಿ, ಖಳನದಲ್ಲದ ಪಾತ್ರವನ್ನು.